ಮಗ ಕೂತಲ್ಲೇ ನಿದ್ದೆ ಹೋಗ್ತಾನೆ, ನಕ್ಕರೆ ಮೊಣಕಾಲು ಕುಸಿಯುತ್ತೆ. ಯಾರ ಮನೆಯಲ್ಲಾದ್ರೂ ಹಿಂಗಾಗಿದೆಯಾ?

ವಿದ್ಯಾನಗರದ ಅಮ್ಮ, ದಾವಣಗೆರೆ

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಬರೀತಿದೀನಿ, ದಯವಿಟ್ಟು ಪೂರ್ತಿ ಓದ್ರಿ.

ನನ್ನ ಮಗನಿಗೆ 17 ವರ್ಷ, ಸೆಕೆಂಡ್ ಪಿಯು ಸೈನ್ಸ್. ಒಂಬತ್ತನೇ ಕ್ಲಾಸಿನ ತನಕ ಬೆಳಿಗ್ಗೆ 5 ಗಂಟೆಗೆ ತಾನೇ ಎದ್ದು ಓದ್ತಿದ್ದ ಹುಡುಗ. ಎಸ್ಸೆಸ್ಸೆಲ್ಸಿ ವರ್ಷ ಶುರುವಾಯ್ತು ನೋಡ್ರಿ. ಮೊದಲು ಮಧ್ಯಾಹ್ನದ ಪೀರಿಯಡ್‌ನಲ್ಲಿ ತೂಕಡಿಕೆ, ಆಮೇಲೆ ಬೆಳಗಿನ ಮೊದಲ ಪೀರಿಯಡ್‌ನಲ್ಲೇ. ಈಗ ಊಟಕ್ಕೆ ಕೂತ್ರೆ ತುತ್ತು ಕೈಯಲ್ಲಿ ಹಿಡಿದುಕೊಂಡೇ ಕಣ್ಣು ಮುಚ್ತಾನೆ. ನೋಟ್ಸ್ ಬರೀತಾ ಇದ್ದಂಗೇ ಅಕ್ಷರ ಹುಳ ಹರಿದಂಗೆ ಆಗಿ, ಗೆರೆ ಪುಟದ ಅಂಚಿಗೆ ಜಾರಿರುತ್ತೆ. ಅವನಿಗೆ ಬರೆದದ್ದೇ ನೆನಪಿರಲ್ಲ. ಹದಿನೈದು ನಿಮಿಷ ಮಲಗಿದ್ರೆ ಚುರುಕಾಗಿ ಏಳ್ತಾನೆ, ಎರಡು ತಾಸಿಗೆ ಮತ್ತೆ ಅದೇ ಕಥೆ. ಎರಡು ವರ್ಷದಲ್ಲಿ ಮೈತೂಕನೂ 14 ಕೆಜಿ ಏರಿದೆ.

ರಾತ್ರಿನಾದ್ರೂ ಚೆನ್ನಾಗಿ ಮಲಗ್ತಾನಾ ಅಂದ್ರೆ ಅದೂ ಇಲ್ಲ. ನಾಲ್ಕೈದು ಸಲ ಎದ್ದು ಕೂರ್ತಾನೆ. ಬಾಗಿಲ ಹತ್ರ ಯಾರೋ ನಿಂತಿದ್ರು, ಕೂಗೋಕೆ ಹೋದ್ರೆ ಬಾಯಿ ಬರಲಿಲ್ಲ, ಕೈಕಾಲು ಅಲುಗಲಿಲ್ಲ ಅಂತಾನೆ, ಮೈಯೆಲ್ಲ ಬೆವರು. ನಮ್ಮತ್ತೆ ಗಾಳಿ ಸೋಂಕಿರಬೇಕು ಅಂದ್ರು. ಉಕ್ಕಡಗಾತ್ರಿಗೆ ಹೋಗಿ ಅಜ್ಜಯ್ಯನ ಗದ್ದುಗೆಗೆ ಹಣೆ ಹಚ್ಚಿ ಬಂದ್ವಿ. ನಮ್ಮ ಮನಸ್ಸಿಗೆ ಸಮಾಧಾನ ಸಿಕ್ತು, ಅವನ ನಿದ್ದೆ ಹಂಗೇ ಉಳೀತು.

ನನಗೆ ನಿಜವಾಗ್ಲೂ ಭಯ ಹುಟ್ಟಿಸಿದ್ದು ಇನ್ನೊಂದು. ಯುಗಾದಿಗೆ ನಮ್ಮಣ್ಣ ಬಂದಿದ್ದ. ಸಂಜೆ ಎಲ್ಲರೂ ಮಂಡಕ್ಕಿ ಮಿರ್ಚಿ ತಿಂತಾ ಕೂತಿದ್ವಿ. ಅಣ್ಣ ಏನೋ ತಮಾಷೆ ಹೇಳಿದ, ಇವನು ಎದ್ದು ನಿಂತು ಜೋರಾಗಿ ನಕ್ಕ. ನಗ್ತಾ ನಗ್ತಾನೇ ಮುಖ ಜೋತುಬಿತ್ತು, ದವಡೆ ಸಡಿಲಾಯ್ತು, ಮೊಣಕಾಲು ಮಡಚಿ ಕುಸಿದುಬಿಟ್ಟ. ಕಣ್ಣು ಅರ್ಧ ತೆರೆದಿತ್ತು. ಫಿಟ್ಸ್ ಅಂತ ಅಣ್ಣ ಓಡಿ ಬಂದು ಕೈಗೆ ಬೀಗದ ಕೈ ಹಿಡಿಸಿದ. ಅರ್ಧ ನಿಮಿಷಕ್ಕೆ ಎದ್ದು ಕೂತು, "ಅಮ್ಮ, ನೀವು ಕೂಗಿದ್ದು ಎಲ್ಲಾ ಕೇಳಿಸ್ತಿತ್ತು, ಮೈ ಮಾತ್ರ ನಂದಲ್ಲ ಅನ್ನಿಸ್ತು" ಅಂದ. ಆಮೇಲೆ ಎರಡು ಸಲ ಆಗಿದೆ. ಎರಡೂ ಸಲ ನಗುವಾಗಲೇ. ಡಾಕ್ಟರಿಗೆ ತೋರಿಸಿದ್ವಿ. ಮಿದುಳಿನ ಇಇಜಿ ಪರೀಕ್ಷೆ ನಾರ್ಮಲ್ ಬಂತು, ಆದ್ರೂ ಫಿಟ್ಸ್ ಮಾತ್ರೆ ಕೊಟ್ರು. ನಿದ್ದೆ ಇನ್ನೂ ಹೆಚ್ಚಾಯ್ತು.

ಕಾಲೇಜಿನಲ್ಲಿ ಇವನನ್ನ ಬೆಂಚಿನ ಮೇಲೆ ನಿಲ್ಲಿಸಿದ್ರು. ನಿಂತಲ್ಲೇ ತೂಕಡಿಸಿ ಬಿದ್ದು ಹಣೆಗೆ ನಾಲ್ಕು ಹೊಲಿಗೆ. ಹುಡುಗ್ರು ಕುಂಭಕರ್ಣ ಅಂತ ಕರೀತಾರಂತೆ. ನಾನೂ ಒಂದು ದಿನ ಸಿಟ್ಟು ತಡೀಲಾರದೆ ಸೋಮಾರಿ ಅಂತ ಕೈ ಎತ್ತಿಬಿಟ್ಟೆ. ಅವನು ಅಳಲಿಲ್ಲ, "ನಾನೇನು ಬೇಕಂತ ಮಾಡ್ತೀನಾ ಅಮ್ಮ" ಅಂದ. ಆವತ್ತಿಂದ ನನಗೂ ನಿದ್ದೆ ಇಲ್ಲ. ಯಾರಿಗಾದ್ರೂ ಇದು ಏನಂತ ಗೊತ್ತಿದ್ರೆ ಹೇಳ್ರಿ.

ಮಂಡಿಪೇಟೆ ಹುಡುಗ, ದಾವಣಗೆರೆ

ಅಕ್ಕ, ರಾತ್ರಿ ಮೊಬೈಲ್ ಕಿತ್ತಿಟ್ಟು ನೋಡಿ. ನನ್ನ ತಮ್ಮನೂ ಹಿಂಗೇ ತೂಕಡಿಸ್ತಿದ್ದ, ನೋಡಿದ್ರೆ 2 ಗಂಟೆ ತನಕ ಹೊದಿಕೆ ಒಳಗೆ ಫೋನ್.

ವಿದ್ಯಾನಗರದ ಅಮ್ಮ

ಕಿತ್ತಿಟ್ಟು ನಾಲ್ಕು ತಿಂಗಳಾಯ್ತಪ್ಪ. 10 ಗಂಟೆಗೆಲ್ಲ ಮಲಗ್ತಾನೆ. ದಿಂಬಿಗೆ ತಲೆ ಕೊಡೋದೇ ತಡ, ಕನಸು ಶುರು ಅಂತಾನೆ.

ದುರ್ಗದ ಮೇಷ್ಟ್ರು, ಚಿತ್ರದುರ್ಗ

ಅಕ್ಕಾ, ನೀವು ಬರೆದದ್ದನ್ನ ಎರಡು ಸಲ ಓದಿದೆ. ನನ್ನ ಹದಿಹರೆಯವನ್ನೇ ಯಾರೋ ನೋಡಿ ಬರೆದ ಹಾಗಿತ್ತು. ನಾನು ವೈದ್ಯನಲ್ಲ, ಹೈಸ್ಕೂಲಿನಲ್ಲಿ ಗಣಿತ ಪಾಠ ಮಾಡುವವನು. ಆದರೆ ಈ ಕಾಯಿಲೆಯ ಜೊತೆ 22 ವರ್ಷದಿಂದ ಬದುಕ್ತಿದ್ದೇನೆ. ಅದರಲ್ಲಿ ಮೊದಲ 15 ವರ್ಷ ಇದಕ್ಕೊಂದು ಹೆಸರಿದೆ ಅನ್ನೋದೇ ನನಗೆ ಗೊತ್ತಿರಲಿಲ್ಲ.

ಹೆಸರು ನಾರ್ಕೊಲೆಪ್ಸಿ. ನಗುವಾಗ ಮೈ ಸಡಿಲಾಗೋದು ಕ್ಯಾಟಪ್ಲೆಕ್ಸಿ. ನಿಮ್ಮ ಮಗನಿಗೆ ಇದೇ ಇದೆ ಅಂತ ನಾನು ಹೇಳಲಾರೆ, ಅದು ಪರೀಕ್ಷೆಯಿಂದಲೇ ಗೊತ್ತಾಗಬೇಕು. ಆದರೆ ಹಗಲು ತಡೆಯಲಾಗದ ನಿದ್ದೆ ಮತ್ತು ನಗುವಾಗ ಪ್ರಜ್ಞೆ ಇದ್ದೂ ಕುಸಿಯೋದು, ಇವೆರಡೂ ಒಟ್ಟಿಗೆ ಇದ್ದಾಗ ಮೊದಲು ಇದನ್ನೇ ಅನುಮಾನಿಸಬೇಕು. ನನ್ನನ್ನ ನೋಡಿದ ಆರೇಳು ವೈದ್ಯರಲ್ಲಿ ಒಬ್ಬರೂ "ನಕ್ಕಾಗ ಏನಾಗುತ್ತೆ" ಅಂತ ಕೇಳಲಿಲ್ಲ. ನಾನಾಗಿ ಹೇಳಲಿಲ್ಲ, ನಿದ್ದೆಗೂ ನಗುವಿಗೂ ಏನು ಸಂಬಂಧ ಅಂದುಕೊಂಡಿದ್ದೆ. ಮಕ್ಕಳನ್ನ ಕೋಟೆ ತೋರಿಸೋಕೆ ಕರ್ಕೊಂಡು ಹೋದಾಗ, ಒಬ್ಬ ಹುಡುಗನ ಬುತ್ತಿಗಂಟು ಕಿತ್ತುಕೊಂಡು ಕೋತಿ ಓಡಿತು. ಎಲ್ಲರೂ ನಕ್ಕರು, ನಾನು ಗೋಡೆ ಹಿಡಿದು ಹಾಗೇ ಕೆಳಗೆ ಜಾರಿದೆ. ಮೇಷ್ಟ್ರಿಗೆ ಬಿಸಿಲು ಬಡೀತು ಅಂತ ಮಕ್ಕಳು ನೀರು ಚಿಮುಕಿಸಿದರು. ಅಂಥ ದಿನಗಳು ಎಷ್ಟೋ.

ಇದು ಯಾಕಾಗುತ್ತೆ ಅಂತ ನಾನು ಅರ್ಥ ಮಾಡಿಕೊಂಡದ್ದನ್ನ ಹೇಳ್ತೀನಿ. ಭದ್ರಾ ಕಾಲುವೆ ನೀರು ಕಂಡ ನಿಮ್ಮ ಕಡೆಯವರಿಗೆ ಬೇಗ ತಿಳಿಯುತ್ತೆ. ಗದ್ದೆಯಲ್ಲಿ ಎರಡು ಮಡಿಗಳ ನಡುವೆ ಬದು ಇರುತ್ತಲ್ಲ, ಹಾಗೆ ಎಚ್ಚರಕ್ಕೂ ನಿದ್ದೆಗೂ ನಡುವೆ ಒಂದು ಬದು ಇದೆ. ಅದನ್ನ ಕಾಯೋದು ಮಿದುಳಿನ ಹೈಪೋಥಲಾಮಸ್ ಅನ್ನೋ ಪುಟ್ಟ ಭಾಗದಲ್ಲಿರುವ ಸುಮಾರು 70,000 ನರಕೋಶಗಳು. ಮಿದುಳಿನಲ್ಲಿ ಒಟ್ಟು ಸುಮಾರು 8,600 ಕೋಟಿ ನರಕೋಶ ಇವೆಯಂತೆ, ಅದರಲ್ಲಿ ಇಷ್ಟೇ ಇಷ್ಟು. ಅವು ಹೈಪೋಕ್ರೆಟಿನ್ ಅನ್ನೋ ರಾಸಾಯನಿಕ ತಯಾರಿಸುತ್ತವೆ. ಒರೆಕ್ಸಿನ್ ಅಂತಲೂ ಕರೀತಾರೆ. 1998ರಲ್ಲಿ ಎರಡು ಬೇರೆ ಬೇರೆ ತಂಡಗಳು ಒಂದೇ ವಸ್ತುವನ್ನ ಕಂಡುಹಿಡಿದು ಎರಡು ಹೆಸರಿಟ್ಟವು. ನಮ್ಮಂಥವರಲ್ಲಿ ಆ ನರಕೋಶಗಳಲ್ಲಿ ಹತ್ತರಲ್ಲಿ ಒಂಬತ್ತು ಪಾಲು ಸತ್ತುಹೋಗಿರುತ್ತವೆ. ದೇಹದ ರೋಗನಿರೋಧಕ ವ್ಯವಸ್ಥೆಯೇ ತಪ್ಪಾಗಿ ಅವನ್ನ ಹೊಡೆದುಹಾಕುತ್ತೆ ಅನ್ನೋದು ಈಗಿನ ತಿಳಿವಳಿಕೆ. ಬದು ಒಡೆದ ಮೇಲೆ ಒಂದು ಮಡಿಯ ನೀರು ಇನ್ನೊಂದಕ್ಕೆ ನುಗ್ಗುತ್ತೆ. ಹಗಲಿಗೆ ನಿದ್ದೆ ನುಗ್ಗುತ್ತೆ, ರಾತ್ರಿಗೆ ಎಚ್ಚರ ನುಗ್ಗುತ್ತೆ.

ಕನಸು ಕಾಣುವ ನಿದ್ದೆಗೆ ರೆಮ್ ನಿದ್ದೆ ಅಂತಾರೆ. ಆ ಹೊತ್ತಿನಲ್ಲಿ ನಾವು ಕನಸಿನಲ್ಲಿ ಓಡಿದ ಹಾಗೆ ಮಂಚದ ಮೇಲೂ ಓಡಬಾರದಲ್ಲ, ಅದಕ್ಕೆ ಮಿದುಳು ಕೈಕಾಲುಗಳ ಸ್ನಾಯುಗಳಿಗೆ ಬೀಗ ಹಾಕಿಬಿಡುತ್ತೆ. ಸಾಮಾನ್ಯರಿಗೆ ಮಲಗಿ ಒಂದೂಕಾಲು ಒಂದೂವರೆ ತಾಸಾದ ಮೇಲೆ ರೆಮ್ ಬರುತ್ತೆ. ನಮಗೆ ಕಣ್ಣು ಮುಚ್ಚಿದ ಕೆಲವೇ ನಿಮಿಷಕ್ಕೆ. ನಕ್ಕಾಗ ಆ ಬೀಗ ಮಾತ್ರ ಎಚ್ಚರದೊಳಕ್ಕೆ ನುಗ್ಗಿದರೆ ಕ್ಯಾಟಪ್ಲೆಕ್ಸಿ. ರಾತ್ರಿ ಎಚ್ಚರವಾದರೂ ಬೀಗ ತೆಗೆಯದಿದ್ದರೆ ಕೈಕಾಲು ಅಲುಗಲ್ಲ, ಕನಸಿನ ತುಣುಕು ಬಾಗಿಲ ಹತ್ರ ನಿಂತ ಮನುಷ್ಯನಾಗಿ ಕಾಣುತ್ತೆ. ಎದೆ ಮೇಲೆ ದೆವ್ವ ಕೂತಂಗೆ ಆಯ್ತು ಅಂತ ನಮ್ಮಜ್ಜಿ ಹೇಳ್ತಿದ್ದದ್ದೂ ಇದನ್ನೇ. ಇದೊಂದು ಮಾತ್ರ ಕಾಯಿಲೆ ಇಲ್ಲದವರಿಗೂ ಆಗೊಮ್ಮೆ ಈಗೊಮ್ಮೆ ಆಗುತ್ತೆ. ಮಗನಿಗೆ ಇಷ್ಟನ್ನ ಇವತ್ತೇ ಹೇಳಿ ಅಕ್ಕ. ನನಗೆ 31ನೇ ವಯಸ್ಸಿನಲ್ಲಿ ಯಾರೋ ಇದನ್ನ ವಿವರಿಸಿದಾಗ, ಔಷಧಿ ಶುರುವಾಗೋ ಮೊದಲೇ ಅರ್ಧ ಭಾರ ಇಳಿದಿತ್ತು.

ಫಿಸಿಷಿಯನ್ ಮೇಡಂ, ದಾವಣಗೆರೆ

ಮೇಷ್ಟ್ರು ಚೆನ್ನಾಗಿ ವಿವರಿಸಿದ್ದಾರೆ. ವೈದ್ಯೆಯಾಗಿ ನಾನು ಕೆಲವು ಮಾತು ಸೇರಿಸ್ತೀನಿ. ಇಲ್ಲಿ ಬರೆದದ್ದನ್ನ ಓದಿ ಯಾರೂ ರೋಗ ನಿರ್ಧಾರ ಮಾಡಿಕೊಳ್ಳಬಾರದು.

ಅಮ್ಮನವರೇ, ಮೊದಲನೆಯದಾಗಿ ಫಿಟ್ಸ್ ಮಾತ್ರೆಯನ್ನ ನೀವಾಗಿ ದಿಢೀರ್ ನಿಲ್ಲಿಸಬೇಡಿ. ಅವುಗಳಲ್ಲಿ ಹಲವು ಮಂಪರು ತರುತ್ತವೆ ಅನ್ನೋದು ನಿಜ, ಆದರೆ ನರರೋಗ ತಜ್ಞರು ನೋಡಿ ಹಂತ ಹಂತವಾಗಿ ಇಳಿಸಬೇಕು. ಫಿಟ್ಸ್‌ಗೂ ಕ್ಯಾಟಪ್ಲೆಕ್ಸಿಗೂ ಇರುವ ದೊಡ್ಡ ವ್ಯತ್ಯಾಸ ನಿಮ್ಮ ಮಗನ ಬಾಯಲ್ಲೇ ಬಂದಿದೆ, "ಎಲ್ಲಾ ಕೇಳಿಸ್ತಿತ್ತು" ಅಂತ. ಕೆಲವು ಸೆಕೆಂಡಿನಿಂದ ಒಂದೆರಡು ನಿಮಿಷದಲ್ಲಿ ಅದು ತಾನಾಗೇ ಸರಿಹೋಗುತ್ತೆ. ಕೈಗೆ ಕಬ್ಬಿಣ ಕೊಡೋದು, ಬಾಯಿಗೆ ನೀರು ಹಾಕೋದು ಬೇಡ. ತಲೆಗೆ ಪೆಟ್ಟಾಗದ ಹಾಗೆ ಹಿಡಿದು, ಮೆಲ್ಲಗೆ ಮಾತಾಡಿಸ್ತಾ ಕಾಯಿರಿ. ಸಾಧ್ಯವಾದರೆ ಪಕ್ಕದಲ್ಲಿರುವವರು ಮೊಬೈಲಿನಲ್ಲಿ ವಿಡಿಯೋ ಮಾಡಿಕೊಳ್ಳಲಿ, ತಜ್ಞರಿಗೆ ಅದಕ್ಕಿಂತ ದೊಡ್ಡ ಸಹಾಯ ಇನ್ನೊಂದಿಲ್ಲ.

ಎರಡನೆಯದು, ಹಗಲು ನಿದ್ದೆ ಬರುವವರೆಲ್ಲರಿಗೂ ನಾರ್ಕೊಲೆಪ್ಸಿ ಇರಲ್ಲ. ಅದು ಸುಮಾರು 2,000 ಜನರಲ್ಲಿ ಒಬ್ಬರಿಗೆ ಬರುವಂಥದ್ದು. ನನ್ನ ಓಪಿಡಿಗೆ "ಬರೀ ನಿದ್ದೆ ಮೇಡಂ" ಅಂತ ಬರುವ ಹೆಚ್ಚಿನವರಲ್ಲಿ ಕಾರಣ ಸರಳವಾಗಿರುತ್ತೆ. ನಿದ್ದೆಯೇ ಸಾಲದಿರುವುದು ಮೊದಲನೇದು, ಹದಿಹರೆಯದವರಿಗೆ ದಿನಕ್ಕೆ 8ರಿಂದ 10 ತಾಸು ಬೇಕು. ರಕ್ತಹೀನತೆ, ಥೈರಾಯ್ಡ್ ಕೊರತೆ, ಖಿನ್ನತೆ, ನೆಗಡಿ-ಅಲರ್ಜಿಗೆ ತಾವೇ ಅಂಗಡಿಯಿಂದ ತಂದು ನುಂಗುವ ಸಿಟ್ರಿಜಿನ್, ಅವಿಲ್. ಮತ್ತೆ ಗೊರಕೆ. ಇವನ್ನೆಲ್ಲ ಮೊದಲು ನೋಡಬೇಕು. ಹಿಮೋಗ್ಲೋಬಿನ್ ಮತ್ತು ಥೈರಾಯ್ಡ್‌ನ ಟಿಎಸ್‌ಎಚ್ ಪರೀಕ್ಷೆ ನಮ್ಮೂರಲ್ಲೇ ಆಗುತ್ತೆ.

ಎಪ್ವರ್ತ್ ಸ್ಕೇಲ್ ಅಂತ ಒಂದು ಪ್ರಶ್ನಾವಳಿ ಇದೆ, ಮೆಲ್ಬೋರ್ನ್‌ನ ಡಾ. ಮರ್ರೆ ಜಾನ್ಸ್ 1991ರಲ್ಲಿ ರೂಪಿಸಿದ್ದು. ಎಂಟು ಸಂದರ್ಭ: ಕೂತು ಓದುವಾಗ, ಟಿವಿ ನೋಡುವಾಗ, ಒಂದು ತಾಸು ವಾಹನದಲ್ಲಿ ಕೂತು ಹೋಗುವಾಗ, ಊಟ ಆದ ಮೇಲೆ ಸುಮ್ಮನೆ ಕೂತಾಗ, ಯಾರ ಜೊತೆಗೋ ಮಾತಾಡ್ತಾ ಕೂತಾಗ, ಹೀಗೆ. ತೂಕಡಿಕೆ ಬರುವ ಸಾಧ್ಯತೆಗೆ ಸೊನ್ನೆಯಿಂದ 3ರ ತನಕ ಅಂಕ. ಒಟ್ಟು 24ಕ್ಕೆ 10 ದಾಟಿದರೆ ವೈದ್ಯರನ್ನ ಕಾಣಬೇಕು. ಮಾತಾಡ್ತಾ ಮಾತಾಡ್ತಾ, ಊಟ ಮಾಡ್ತಾ ನಿದ್ದೆ ಹೋಗುವವರನ್ನಂತೂ ನಾನು ಹಗುರವಾಗಿ ತಗೊಳ್ಳೋದೇ ಇಲ್ಲ.

ಚಳ್ಳಕೆರೆ ಲಾರಿ

ಡಾಕ್ಟ್ರಮ್ಮ ಗೊರಕೆ ಅಂದ್ರಲ್ಲ, ಅದಕ್ಕೆ ನನ್ನ ಕಥೆ ಹೇಳ್ತೀನಿ. ಶೇಂಗಾ ಎಣ್ಣೆ ಲೋಡ್ ಹೊಡೀತಿದ್ದೆ, ನಂದೇ ಗಾಡಿ. ಹಿರಿಯೂರು ದಾಟಿ ಹೈವೇಲಿ ಬೆಳಗಿನ ಜಾವ ಕಣ್ಣು ಹತ್ತಿ ಡಿವೈಡರ್ ಮೇಲೆ ಹತ್ತಿಸ್ದೆ. ದೇವರ ದಯೆ, ಯಾರ ಪ್ರಾಣಕ್ಕೂ ಏನೂ ಆಗ್ಲಿಲ್ಲ. ಎಲ್ರೂ ಕುಡಿದಿದ್ದ ಅಂದ್ರು. ನಾನು ಹುಟ್ಟಿದಾಗಿಂದ ಒಂದು ತೊಟ್ಟು ಮುಟ್ಟಿದೋನಲ್ಲ ಕಣಕ್ಕ.

ನನ್ನ ಹೆಂಡ್ತಿ ಎಷ್ಟೋ ವರ್ಷದಿಂದ ಹೇಳ್ತಿದ್ಲು, ನೀವು ಗೊರಕೆ ಹೊಡೀತಾ ಹೊಡೀತಾ ಉಸಿರೇ ನಿಲ್ಲಿಸ್ತೀರಿ, ಆಮೇಲೆ ಬಾವಿಯಿಂದ ಮೇಲೆ ಬಂದಂಗೆ ಗಕ್ಕನೆ ಎಳ್ಕೋತೀರಿ ಅಂತ. ನಾನು ಕಿವಿಗೆ ಹಾಕ್ಕೊಂಡಿರ್ಲಿಲ್ಲ. ಪರೀಕ್ಷೆ ಮಾಡಿಸಿದ್ರೆ ತಾಸಿಗೆ 46 ಸಲ ಉಸಿರು ಕಟ್ಟುತ್ತೆ ಅಂತ ಬಂತು. 30 ದಾಟಿದ್ರೇ ಜೋರು ಅಂತೆ. ಸ್ಲೀಪ್ ಅಪ್ನಿಯಾ ಅಂದ್ರು. ರಾತ್ರಿಯೆಲ್ಲ ಮಲಗಿದ್ರೂ ಮಿದುಳು ಉಸಿರಿಗೋಸ್ಕರ ಎದ್ದೆದ್ದು ಕೂರ್ತಿತ್ತು, ಹಗಲು ಎಲ್ಲಿಂದ ಎಚ್ಚರ ಇರ್ಬೇಕು? ಈಗ ಸಿಪ್ಯಾಪ್ ಮಿಷಿನ್ ಹಾಕ್ಕೊಂಡು ಮಲಗ್ತೀನಿ, ಮೂಗಿಗೆ ಮಾಸ್ಕು, ಗಾಳಿ ಒತ್ತಿ ಗಂಟಲು ಮುಚ್ಚಿಕೊಳ್ಳದಂಗೆ ನೋಡ್ಕೊಳ್ತೈತೆ. ಮೊದಲ ವಾರ ಕಿತ್ತು ಬಿಸಾಕಬೇಕು ಅನ್ನಿಸ್ತು. ಹದಿನೈದು ದಿನಕ್ಕೆ ಒಗ್ಗಿತು. ತೂಕ 9 ಕೆಜಿ ಇಳಿಸಿದೀನಿ, ಬಿಪಿನೂ ಹದಕ್ಕೆ ಬಂದೈತೆ.

ಡ್ರೈವರ್ ಅಣ್ಣತಮ್ಮಂದಿರಿಗೆ ಕೈ ಮುಗಿದು ಹೇಳ್ತೀನಿ, ಮುಖಕ್ಕೆ ನೀರು ಹಾಕ್ಕೊಂಡು, ಬೀಡಿ ಸೇದಿ, ಟೀ ಕುಡಿದು ದೂಡ್ಬೇಡಿ. ಕಣ್ಣು ಎಳೆದ್ರೆ ಗಾಡಿ ಪಕ್ಕಕ್ಕೆ ಹಾಕಿ ಇಪ್ಪತ್ತು ನಿಮಿಷ ಮಲಗಿ.

ಬೆಂಗಳೂರಲ್ಲಿರೋ ದಾವಣಗೆರೆಯವ

ನನಗೆ ರಾತ್ರಿ ಪಾಳಿ, ಅಮೆರಿಕದ ಕ್ಲೈಂಟ್. ರೂಮಿನ ಗೆಳೆಯ ಮೊಡಾಫಿನಿಲ್ ಅಂತ ಒಂದು ಮಾತ್ರೆ ಕೊಡ್ತಾನೆ, ತಗೊಂಡ್ರೆ ಕಣ್ಣೇ ಮುಚ್ಚಲ್ಲ. ಇದನ್ನೇ ನಾರ್ಕೊಲೆಪ್ಸಿಗೂ ಕೊಡೋದು ಅಂತ ಓದಿದೆ. ಮುಂದುವರಿಸಬಹುದಾ ಮೇಡಂ?

ಫಿಸಿಷಿಯನ್ ಮೇಡಂ

ಬೇಡಪ್ಪ. ಅದು ವೈದ್ಯರ ಚೀಟಿ ಮೇಲೆ ಮಾತ್ರ ಕೊಡಬೇಕಾದ ಔಷಧಿ. ಅದು ಎಚ್ಚರ ಇಡುತ್ತೆಯೇ ಹೊರತು ನಿದ್ದೆಯ ಸಾಲ ತೀರಿಸಲ್ಲ. ತಲೆನೋವು, ಎದೆ ಬಡಿತ, ಬಿಪಿ ಏರೋದು, ಆತಂಕ ಬರಬಹುದು. ಅಪರೂಪಕ್ಕೆ ಮೈಮೇಲೆ ಬರುವ ದದ್ದು ಪ್ರಾಣಕ್ಕೇ ಅಪಾಯ ತರುವಷ್ಟು ತೀವ್ರವಾಗುತ್ತೆ. ರಾತ್ರಿ ಪಾಳಿಯವರಿಗೂ ಕೆಲವೊಮ್ಮೆ ಇದನ್ನ ಬರೆದುಕೊಡೋದುಂಟು, ಆದರೆ ಹೃದಯ, ಬಿಪಿ ನೋಡಿ. ನೀನು ಮೊದಲು ಹಗಲು ಕತ್ತಲೆ ಕೋಣೆಯಲ್ಲಿ 7 ತಾಸು ಮಲಗೋಕೆ ಏನು ಬೇಕೋ ಅದನ್ನ ಮಾಡು. ದಪ್ಪ ಪರದೆ, ಫೋನ್ ಸೈಲೆಂಟ್, ಬೆಳಿಗ್ಗೆ ಪಾಳಿ ಮುಗಿಸಿ ಬರುವಾಗ ಕಪ್ಪು ಕನ್ನಡಕ. ಬೈಕ್ ಓಡಿಸ್ಕೊಂಡು ಬರಬೇಡ.

ಹೊಳಲ್ಕೆರೆ ಸೊಸೆ

ನಾನು ಇಷ್ಟು ದಿನ ಯಾರ ಹತ್ರನೂ ಹೇಳಿಕೊಂಡಿಲ್ಲ. ನನಗೆ ಕುಸಿಯೋದೆಲ್ಲ ಇಲ್ಲ. ಆದರೆ ಹತ್ತು ಹನ್ನೊಂದು ತಾಸು ಮಲಗಿದರೂ ಸಾಲಲ್ಲ. ಮೂರು ಅಲಾರಂ ಇಟ್ಟರೂ ಕೇಳಿಸಲ್ಲ. ಎಬ್ಬಿಸಿದರೆ ಒಂದು ತಾಸು ಮಂಕು, ಏನು ಮಾತಾಡಿದೆ ಅನ್ನೋದೇ ನೆನಪಿರಲ್ಲ. ಮಧ್ಯಾಹ್ನ ಎರಡು ತಾಸು ಮಲಗಿದರೂ ಮೈ ಭಾರ. ಸೂರ್ಯ ಹುಟ್ಟಿದ ಮೇಲೆ ಏಳೋ ಸೊಸೆ ಅಂತ ಮಾತು ಬಂದುಹೋಗಿದೆ. ಥೈರಾಯ್ಡ್, ರಕ್ತ ಎಲ್ಲಾ ಸರಿ ಇದೆ. ಇದೂ ಕಾಯಿಲೆಯೇನಾ, ನನ್ನ ಗುಣವೇ ಹೀಗಾ?

ಫಿಸಿಷಿಯನ್ ಮೇಡಂ

ಗುಣ ಅಲ್ಲಮ್ಮ. ನೀವು ಹೇಳಿದ ಲಕ್ಷಣಗಳು ಇಡಿಯೋಪಥಿಕ್ ಹೈಪರ್‌ಸೋಮ್ನಿಯಾ ಅನ್ನೋ ಇನ್ನೊಂದು ಸ್ಥಿತಿಯಲ್ಲಿ ಕಾಣುತ್ತವೆ. ನಾರ್ಕೊಲೆಪ್ಸಿ ಇರುವವರು ಸಣ್ಣ ನಿದ್ದೆ ಮಾಡಿದರೆ ಹಗುರಾಗ್ತಾರೆ, ಇದರಲ್ಲಿ ಎಷ್ಟು ಮಲಗಿದರೂ ಹಗುರಾಗಲ್ಲ. ಏಳುವಾಗಿನ ಆ ಮಂಕಿಗೆ ನಿದ್ದೆಯ ಅಮಲು ಅಂತಲೇ ಕರೀತಾರೆ. ಖಿನ್ನತೆಯಲ್ಲೂ ಹೀಗಾಗುತ್ತೆ, ಆದ್ದರಿಂದ ಮನಸ್ಸಿನ ವಿಷಯವನ್ನೂ ವೈದ್ಯರ ಮುಂದೆ ಮುಚ್ಚಿಡಬೇಡಿ. ಪರೀಕ್ಷೆ ಅದೇ, ನಿದ್ರಾ ಪ್ರಯೋಗಾಲಯದಲ್ಲಿ. ಮುಂದೆ ನಿಮಗೆ ಮೊಡಾಫಿನಿಲ್ ಕೊಡುವ ಸಂದರ್ಭ ಬಂದರೆ ಒಂದು ವಿಷಯ ನೆನಪಿರಲಿ: ಅದು ಗರ್ಭನಿರೋಧಕ ಮಾತ್ರೆಯ ಶಕ್ತಿಯನ್ನ ಕುಂದಿಸುತ್ತೆ. ಮಗು ಬೇಕು ಅಂತಿದ್ದರೂ, ಬೇಡ ಅಂತಿದ್ದರೂ ಮೊದಲೇ ಹೇಳಿಬಿಡಿ.

ಹೊಳಲ್ಕೆರೆ ಸೊಸೆ

ಗುಣ ಅಲ್ಲ ಅಂದ್ರಲ್ಲ ಮೇಡಂ, ಅಷ್ಟೇ ಸಾಕು ಇವತ್ತಿಗೆ. ಮನೆಯವರಿಗೆ ಇದನ್ನ ಓದಿಸ್ತೀನಿ.

ದುರ್ಗದ ಮೇಷ್ಟ್ರು

ಅಮ್ಮನವರು ಫೋನಿನಲ್ಲಿ ಕೇಳಿದ ಪ್ರಶ್ನೆಗಳಿಗೆ ಇಲ್ಲೇ ಉತ್ತರಿಸ್ತೀನಿ, ಉಳಿದವರಿಗೂ ಆಗುತ್ತೆ.

ಪರೀಕ್ಷೆ ಎಲ್ಲಿ ಅಂದ್ರೆ, ನನ್ನದು ನಿಮ್ಹಾನ್ಸ್‌ನಲ್ಲಿ ಆಯ್ತು. ರಾತ್ರಿ ಒಂದು ಪರೀಕ್ಷೆ, ಮರುದಿನ ಹಗಲು ಇನ್ನೊಂದು. ಎರಡೂ ಬೆನ್ನುಬೆನ್ನಿಗೇ ಆಗಬೇಕು. ಅದಕ್ಕೆ ಮೊದಲು ಎರಡು ವಾರ ದಿನಾ ಎಷ್ಟಕ್ಕೆ ಮಲಗಿದ, ಎಷ್ಟಕ್ಕೆ ಎದ್ದ ಅಂತ ಬರೆದಿಡಬೇಕು, ನಿದ್ದೆಗೆಟ್ಟಿದ್ದರೆ ಫಲಿತಾಂಶವೇ ತಪ್ಪಾಗುತ್ತೆ. ಖಿನ್ನತೆಯ ಮಾತ್ರೆಗಳು ರೆಮ್ ನಿದ್ದೆಯನ್ನ ಅದುಮುತ್ತವೆ, ಅಂಥದ್ದು ಯಾರಾದರೂ ತಗೊಳ್ತಿದ್ದರೆ ವೈದ್ಯರು ಮೊದಲೇ ನಿಲ್ಲಿಸಲು ಹೇಳ್ತಾರೆ. ಚಾ ಕಾಫಿಯೂ ಆ ದಿನ ಇಲ್ಲ.

ಮನೆತನದಲ್ಲಿ ಬರುತ್ತಾ, ನಿಮ್ಮ ಚಿಕ್ಕ ಮಗಳಿಗೂ ಬರಬಹುದಾ ಅಂತ ಕೇಳಿದ್ರಿ. ಒಡಹುಟ್ಟಿದವರಿಗೆ, ಮಕ್ಕಳಿಗೆ ಬರುವ ಸಾಧ್ಯತೆ ನೂರಕ್ಕೆ ಒಂದೆರಡು ಅಷ್ಟೇ. ರೋಗನಿರೋಧಕ ವ್ಯವಸ್ಥೆಗೆ ಸಂಬಂಧಿಸಿದ ಎಚ್‌ಎಲ್‌ಎ ಅನ್ನೋ ಜೀನ್‌ಗಳಲ್ಲಿ ಒಂದು ಬಗೆ ಇರುವವರಿಗೆ ಅಪಾಯ ಉಳಿದವರಿಗಿಂತ ಬಹಳ ಹೆಚ್ಚು, ಆದರೆ ಆ ಜೀನ್ ಇರುವ ಬಹುಪಾಲು ಜನರಿಗೆ ಏನೂ ಆಗಲ್ಲ. ಕೆಲವು ತಳಿಯ ನಾಯಿಗಳಲ್ಲಿ ಮಾತ್ರ ಇದು ನೇರವಾಗಿ ವಂಶದಲ್ಲೇ ಬರುತ್ತೆ. ಅಮೆರಿಕದ ಸ್ಟ್ಯಾನ್‌ಫರ್ಡ್‌ನಲ್ಲಿ ಡಾಬರ್‌ಮನ್ ನಾಯಿಗಳನ್ನ ವರ್ಷಾನುಗಟ್ಟಲೆ ಸಾಕಿ ನೋಡಿದರು. ತಿಂಡಿ ತೋರಿಸಿದರೆ ಖುಷಿಗೇ ಕುಸಿದುಬಿಡುತ್ತಿದ್ದವು ಪಾಪ. ಆ ಒರೆಕ್ಸಿನ್ ಸಂದೇಶವನ್ನ ಹಿಡಿಯುವ ಜೀನ್ ಕೆಟ್ಟಿದೆ ಅಂತ ಇಮ್ಯಾನ್ಯುಯೆಲ್ ಮಿನ್ಯೋ ಅವರ ತಂಡ 1999ರಲ್ಲಿ ಕಂಡುಹಿಡಿಯಿತು. ಮರುವರ್ಷವೇ ಮನುಷ್ಯರ ಮಿದುಳಿನಲ್ಲಿ ಆ ನರಕೋಶಗಳೇ ಇಲ್ಲವಾಗಿರುವುದು ಗೊತ್ತಾಯ್ತು. ಈ ಕಾಯಿಲೆಗೆ ಫ್ರಾನ್ಸಿನ ಗೆಲಿನೋ ಎಂಬ ವೈದ್ಯರು ಹೆಸರಿಟ್ಟದ್ದು 1880ರಲ್ಲಿ. ಕಾರಣ ಸಿಗೋಕೆ 120 ವರ್ಷ ಬೇಕಾಯ್ತು. ನನ್ನ 15 ವರ್ಷವನ್ನ ಆ ಲೆಕ್ಕದ ಪಕ್ಕದಲ್ಲಿಟ್ಟು ಎಷ್ಟೋ ಸಲ ಸಮಾಧಾನ ಪಟ್ಟುಕೊಂಡಿದ್ದೇನೆ.

ವಾಸಿಯಾಗುತ್ತಾ? ಪೂರ್ತಿ ಇಲ್ಲ. ಸತ್ತ ನರಕೋಶ ಮರಳಿ ಬರಲ್ಲ. ಹತೋಟಿಗೆ ಬರುತ್ತೆ. ನಾನು ಬೆಳಿಗ್ಗೆ ಮೊಡಾಫಿನಿಲ್, ಕುಸಿತಕ್ಕೆ ಸಣ್ಣ ಪ್ರಮಾಣದ ವೆನ್ಲಾಫ್ಯಾಕ್ಸಿನ್ ತಗೊಳ್ತೀನಿ. ಎರಡನೇದನ್ನ ಒಂದು ಸಲ ಊರಿಗೆ ಹೋದಾಗ ಮರೆತು ಮೂರು ದಿನ ಬಿಟ್ಟಿದ್ದೆ. ಕುಸಿತ ಒಂದರ ಹಿಂದೆ ಒಂದು ಬಂದು ದಿನವಿಡೀ ಚಾಪೆ ಬಿಟ್ಟು ಏಳಲಾಗಲಿಲ್ಲ. ಯಾರೂ ಹಾಗೆ ಬಿಡಬೇಡಿ. ಮೊಡಾಫಿನಿಲ್ ಸಾಲದಿದ್ದರೆ ಮಿಥೈಲ್‌ಫೆನಿಡೇಟ್ ಕೊಡ್ತಾರೆ, ಅದಕ್ಕೆ ಚೀಟಿಯ ಕಟ್ಟುಪಾಡು ಇನ್ನೂ ಹೆಚ್ಚು. ಹೊರದೇಶಗಳಲ್ಲಿ ರಾತ್ರಿ ಕುಡಿಯುವ ಸೋಡಿಯಂ ಆಕ್ಸಿಬೇಟ್, ಇಲ್ಲವೇ ಪಿಟೊಲಿಸಾಂಟ್ ಅನ್ನೋ ಮಾತ್ರೆ ಬಳಸ್ತಾರೆ. ಈಗ ಕಳೆದುಹೋದ ಒರೆಕ್ಸಿನ್‌ನ ಕೆಲಸವನ್ನೇ ಮಾಡುವ ಮಾತ್ರೆಗಳ ಪ್ರಯೋಗ ನಡೆದಿದೆ. ನನಗೆ ಅತಿ ಹೆಚ್ಚು ಆಸೆ ಇರೋದು ಅದರ ಮೇಲೆ.

ಮಾತ್ರೆಯಷ್ಟೇ ಮುಖ್ಯ ಹಗಲಿನ ಸಣ್ಣ ನಿದ್ದೆ. ನಾನು ಮಧ್ಯಾಹ್ನ ಊಟದ ಬಿಡುವಿನಲ್ಲಿ ಸ್ಟಾಫ್ ರೂಮಿನಲ್ಲಿ 20 ನಿಮಿಷ ಮಲಗ್ತೀನಿ, ಹೆಡ್‌ಮಾಸ್ಟರಿಗೆ ವೈದ್ಯರ ಪತ್ರ ಕೊಟ್ಟಿದ್ದೇನೆ. ಹಗಲು ಎರಡು ಮುದ್ದೆ ಉಣ್ಣೋದು ಬಿಟ್ಟೆ, ಅರ್ಧ ಮುದ್ದೆ, ಹೆಚ್ಚು ಕಾಳುಪಲ್ಯ. ಮೂರು ಗಂಟೆ ಪಾಠ ನಿಂತುಕೊಂಡೇ ಮಾಡ್ತೀನಿ. ಮದುವೆಗೆ ಮೊದಲು ನನ್ನ ಹೆಂಡತಿಯ ಮುಂದೆ ಎಲ್ಲವನ್ನೂ ಹೇಳಿದ್ದೆ. ಎರಡು ಸಂಬಂಧ ಅದೇ ಕಾರಣಕ್ಕೆ ತಪ್ಪಿದ್ದವು, ಇವಳು ಮಾತ್ರ "ನಗಿಸುವಾಗ ಪಕ್ಕದಲ್ಲೇ ಇರ್ತೀನಿ ಬಿಡಿ" ಅಂದಳು.

ವಿದ್ಯಾನಗರದ ಅಮ್ಮ, ಎರಡೂವರೆ ತಿಂಗಳ ನಂತರ

ಎಲ್ಲರೂ ಕೇಳ್ತಿದ್ರಿ, ತಡವಾಯ್ತು. ಬೆಂಗಳೂರಿಗೆ ಹೋಗಿ ಬಂದ್ವಿ. ಜನಶತಾಬ್ದಿಯಲ್ಲಿ ಹೋಗುವಾಗ ತುಮಕೂರು ಬರೋದ್ರೊಳಗೆ ನಾಲ್ಕು ಸಲ ಮಲಗಿ ಎದ್ದ.

ರಾತ್ರಿ ತಲೆ, ಗಲ್ಲ, ಎದೆ, ಕಾಲಿಗೆಲ್ಲ ವೈರ್ ಅಂಟಿಸಿದ್ರು. ಇದರಲ್ಲಿ ಹೆಂಗೆ ನಿದ್ದೆ ಬರುತ್ತೆ ಅಂತ ನಾನು ಅಂದುಕೊಳ್ಳೋದ್ರೊಳಗೆ ಮಲಗಿಯಾಗಿತ್ತು. ಅಪ್ನಿಯಾ ಇಲ್ಲ ಅಂದ್ರು. ಮಾರನೇ ದಿನ ಎರಡೆರಡು ತಾಸಿಗೆ ಒಂದರಂತೆ ಐದು ಸಲ ಕತ್ತಲೆ ಕೋಣೆಯಲ್ಲಿ ಮಲಗಿಸಿದ್ರು, ಪ್ರತಿ ಸಲ 20 ನಿಮಿಷ ಅವಕಾಶ. ನಡುವೆ ಮಲಗೋ ಹಾಗಿಲ್ಲ, ಎಚ್ಚರವಾಗಿ ಇಡೋದು ನನ್ನ ಕೆಲಸ. ಕಾರಿಡಾರಿನಲ್ಲಿ ನಡೆಸಿದೆ, ಹಳೇ ಕಥೆ ಹೇಳಿದೆ. ನಗೋ ಕಥೆ ಹೇಳೋಕೆ ಹೋಗಿ ನಾಲಿಗೆ ಕಚ್ಚಿಕೊಂಡೆ. ನಗು ಬರುವ ಮಾತನ್ನ ಮಗನ ಮುಂದೆ ತಡೆದು ತಡೆದು ಆಡೋ ಸಂಕಟ ಯಾವ ತಾಯಿಗೂ ಬೇಡ.

ಸರಾಸರಿ 8 ನಿಮಿಷದೊಳಗೆ ನಿದ್ದೆ ಬಂದು, ಎರಡು ಸಲವಾದ್ರೂ ಕನಸಿನ ನಿದ್ದೆ ಹತ್ತಿದ್ರೆ ನಾರ್ಕೊಲೆಪ್ಸಿ ಅಂತ ಲೆಕ್ಕ. ಇವನಿಗೆ ಸರಾಸರಿ ಎರಡೂವರೆ ನಿಮಿಷ, ಐದರಲ್ಲಿ ನಾಲ್ಕು ಸಲ ಕನಸಿನ ನಿದ್ದೆ. ಕುಸಿತನೂ ಇರೋದ್ರಿಂದ ಟೈಪ್ 1 ಅಂದ್ರು. ಕುಸಿತ ಇಲ್ಲದಿದ್ರೆ ಸಾಮಾನ್ಯವಾಗಿ ಟೈಪ್ 2 ಅಂತೆ. ರಿಪೋರ್ಟ್ ಕೈಗೆ ಬಂದಾಗ ನನಗೆ ಅಳು ಬಂತು, ಅವನು ಮಾತ್ರ ಡಾಕ್ಟರನ್ನ ಕೇಳಿದ್ದು ಒಂದೇ: "ಇದನ್ನ ಕಾಲೇಜಿಗೆ ಬರೆದು ಕೊಡ್ತೀರಾ ಸರ್?"

ಫಿಟ್ಸ್ ಮಾತ್ರೆ ನಿಧಾನವಾಗಿ ಇಳಿಸಿ ಈಗ ಪೂರ್ತಿ ನಿಲ್ಲಿಸಿದಾರೆ. ಮೊಡಾಫಿನಿಲ್ 100 ಎಂಜಿಯಿಂದ ಶುರು ಮಾಡಿ ಈಗ 200. ಮೊದಲ ವಾರ ತಲೆನೋವು, ಊಟ ಸೇರ್ತಿರಲಿಲ್ಲ. ಮೈಮೇಲೆ ದದ್ದು ಬಂದ್ರೆ ತಕ್ಷಣ ನಿಲ್ಲಿಸಿ ಬರಬೇಕು ಅಂತ ಹೇಳಿದ್ರು, ದಿನಾ ಬೆನ್ನು ನೋಡ್ತಿದ್ದೆ, ದೇವರ ದಯೆಯಿಂದ ಬರಲಿಲ್ಲ. ಪ್ರಿನ್ಸಿಪಾಲರು ಪತ್ರ ಓದಿ, ಬೆಳಿಗ್ಗೆ ಒಮ್ಮೆ ಮಧ್ಯಾಹ್ನ ಒಮ್ಮೆ ಲೈಬ್ರರಿ ಪಕ್ಕದ ಕೋಣೆಯಲ್ಲಿ ಮಲಗೋಕೆ ಬಿಟ್ಟಿದಾರೆ. ಬೆಂಚಿನ ಮೇಲೆ ನಿಲ್ಲಿಸಿದ ಲೆಕ್ಚರರ್ ಮನೆಗೇ ಬಂದಿದ್ರು. ಹೆಚ್ಚು ಮಾತಾಡಲಿಲ್ಲ, ಅವನ ಹಣೆಯ ಗುರುತು ನೋಡಿ ತಲೆ ಸವರಿ ಹೋದ್ರು.

ಎಲ್ಲಾ ಸರಿಯಾಯ್ತು ಅಂತ ಹೇಳಲ್ಲ. ಸ್ಕೂಟರ್ ಬೀಗದ ಕೈ ನನ್ನ ಹತ್ರನೇ ಇದೆ, ಡಾಕ್ಟರ್ ಹೇಳೋ ತನಕ ಕೊಡಲ್ಲ. ಈಜೋಕೂ ಒಬ್ಬನೇ ಹೋಗೋ ಹಾಗಿಲ್ಲ. ಸಂಜೆ ನಾಲ್ಕರ ಮೇಲೆ ಮತ್ತೆ ಮಂಕಾಗ್ತಾನೆ. ಆದ್ರೆ ಮೊನ್ನೆ ಅವರ ಮಾವ ಮತ್ತೆ ಬಂದಿದ್ದ. ತಮಾಷೆ ಶುರುವಾಗ್ತಿದ್ದಂಗೆ ಇವನು ತಾನಾಗೇ ಹೋಗಿ ಗೋಡೆಗೆ ಒರಗಿ ನೆಲದ ಮೇಲೆ ಕೂತು, "ಈಗ ಹೇಳು ಮಾವ" ಅಂದ. ಗಲ್ಲ ಸ್ವಲ್ಪ ಅದುರಿತು, ಅಷ್ಟೇ. ಎರಡು ವರ್ಷದ ಮೇಲೆ ನಮ್ಮ ಮನೆಯಲ್ಲಿ ಎಲ್ಲರೂ ಒಟ್ಟಿಗೆ ನಕ್ಕಿದ್ದು.

ಚಳ್ಳಕೆರೆ ಲಾರಿ

ಓದಿ ಕಣ್ಣು ತುಂಬಿ ಬಂತು ಕಣಕ್ಕ. ಹುಡುಗ ಚೆನ್ನಾಗಿ ಓದ್ಲಿ.

ಜಗಳೂರು ಕಡೆಯ ಅಪ್ಪ

ಅಮ್ಮಾರೇ, ನನ್ನ ಮಗಳಿಗೆ 12 ವರ್ಷ. ಇದೇ ಥರ ಐತಿ. ನಗುವಾಗ ನಾಲಿಗೆ ಹೊರಗೆ ಬಂದು ತಲೆ ಜೋತಾಡ್ತತಿ, ಮಾಟ ಅಂತ ಊರಾಗ ಅಂತಾರ. ನಾವು ಹೊಲ ಮಾಡೋ ಮಂದಿ, ಎಲ್ಲಿಂದ ಶುರು ಮಾಡ್ಬೇಕು ಅಂತ ತಿಳೀವಲ್ದು.

ವಿದ್ಯಾನಗರದ ಅಮ್ಮ

ಅಣ್ಣಾ, ಹೆದರಬೇಡ್ರಿ. ಮಾಟ ಅಲ್ಲ. ಮಕ್ಕಳಲ್ಲಿ ಕುಸಿತ ಹಂಗೇ, ಮುಖ ಸಡಿಲಾಗಿ ನಾಲಿಗೆ ಹೊರಗೆ ಬರೋ ಥರನೇ ಇರುತ್ತೆ ಅಂತ ನಮ್ಮ ಡಾಕ್ಟರ್ ಹೇಳಿದ್ರು. ಇವತ್ತಿಂದಲೇ ಗೋಡೆ ಕ್ಯಾಲೆಂಡರ್ ಮೇಲೆ ಮಲಗಿದ ಹೊತ್ತು, ಎದ್ದ ಹೊತ್ತು, ಹಗಲು ಎಷ್ಟು ಸಲ ಮಲಗಿದಳು ಅಂತ ಬರೀತಾ ಹೋಗ್ರಿ. ನಗುವಾಗಿನ ಒಂದು ವಿಡಿಯೋ ಮಾಡ್ರಿ. ಮೊದಲು ಇಲ್ಲೇ ಜಿಲ್ಲಾ ಆಸ್ಪತ್ರೆಯಲ್ಲಿ ರಕ್ತ, ಥೈರಾಯ್ಡ್ ಮಾಡಿಸಿ, ನರರೋಗ ತಜ್ಞರಿಗೆ ಚೀಟಿ ಬರೆಸಿಕೊಳ್ರಿ. ಅವಳ ಸ್ಕೂಲಿನ ನೋಟ್‌ಬುಕ್ ಎಸೀಬೇಡ್ರಿ, ಅಕ್ಷರ ಜಾರಿರೋ ಪುಟ ಇದ್ರೆ ಜೊತೆಗೆ ತಗೊಂಡು ಹೋಗ್ರಿ. ಬೆಂಗಳೂರಿನ ಡಾಕ್ಟರ್ ನನ್ನ ಮಗನ ಕೆಮಿಸ್ಟ್ರಿ ನೋಟ್ಸನ್ನ ಹತ್ತು ನಿಮಿಷ ತಿರುವಿ ನೋಡಿದ್ರು.

ಬರೋ ಭಾನುವಾರ ನಾವು ಮನೇಲೇ ಇರ್ತೀವಿ. ಮಗಳನ್ನ ಕರ್ಕೊಂಡು ಬರ್ರಿ, ಅವಳ ಜೊತೆ ನಾನು ಮಾತಾಡ್ತೀನಿ ಅಂತ ಇವನೇ ಹೇಳಿದಾನೆ. ಹನ್ನೊಂದರ ಮೇಲೆ ಬರ್ರಿ ಅಣ್ಣ, ಹತ್ತೂವರೆಗೆ ಅವನು ಮಲಗೋ ಹೊತ್ತು.